ಗನ್ ಗೇಮಲ್ಲಿ ಮುಂದೆ ಇದ್ದೋರೇ ಕೊನೇಲಿ ಯಾಕೆ ಸೋಲ್ತಾರೆ?

ಪ್ರಶ್ನೆ: ಸರ್, ನಾವು ಹಾಸ್ಟೆಲಲ್ಲಿ ಹತ್ತು ಜನ ಲ್ಯಾನ್ ಹಾಕ್ಕೊಂಡು ಕೌಂಟರ್ ಸ್ಟ್ರೈಕ್ 1.6 ಅನ್ನೋ ಶೂಟಿಂಗ್ ಗೇಮಲ್ಲಿ ಗನ್ ಗೇಮ್ ಮೋಡ್ ಆಡ್ತೀವಿ, ಒಬ್ಬನ್ನ ಕೊಂದ್ರೆ ಒಂದು ಲೆವೆಲ್ ಮೇಲೆ, ಲೆವೆಲಿಗೊಂದು ಗನ್, ಆ ಕಡೆ ಐದು ಈ ಕಡೆ ಐದು. ಪ್ರತಿ ಸಲ ಗ್ರೆನೇಡ್ ಲೆವೆಲ್ ಮೊದಲು ಮುಟ್ಟೋದು ನಾನೇ, ಆಮೇಲೆ ಅಲ್ಲೇ ಸಿಕ್ಕಾಕೊಂಡು ಕೂತಿರ್ತೀನಿ, ಆ ಕಡೆ ಟೀಮಲ್ಲಿರೋ ನನ್ನ ರೂಮ್‌ಮೇಟ್ ಏಮ್ ನನಗಿಂತ ಕಮ್ಮಿ ಇದ್ರೂ ಹಿಂದಿಂದ ಬಂದು ಗೆದ್ದು ಹೋಗ್ತಾನೆ. ಇದು ಬರೀ ಲಕ್ಕಾ? ಈ ಮೋಡ್ ಎಲ್ಲಿಂದ ಬಂತು ಅಂತಾನೂ ಹೇಳಿ. ಇನ್ನೊಂದು, ನೈಫಲ್ಲಿ ಕೊಂದ್ರೆ ಲೆವೆಲ್ ಕದಿಯೋ ರೂಲ್ ತೆಗೆದುಬಿಡೋಣ ಅಂತ ಅರ್ಧ ಜನ ಗಲಾಟೆ ಮಾಡ್ತಿದಾರೆ, ತೆಗೀಬಹುದಾ?

ಉತ್ತರ: ಲಕ್ ಅಲ್ಲ. ಗನ್ ಗೇಮ್ ಅನ್ನೋದು ನೋಡೋಕೆ ಒಂದು ಆಟ, ಆದ್ರೆ ಒಳಗೆ ಎರಡು ಆಟ ಇದೆ, ಎಂ249 ಅನ್ನೋ ಭಾರದ ಮಷಿನ್ ಗನ್ ತನಕ ಒಂದು, ಗ್ರೆನೇಡಿಂದ ಆಚೆಗೆ ಇನ್ನೊಂದು. ನೀವು ಮೊದಲನೇದನ್ನ ಚೆನ್ನಾಗಿ ಆಡಿ ಅದೇ ಕೈಯಲ್ಲಿ ಎರಡನೇದನ್ನೂ ಆಡೋಕೆ ಹೋಗ್ತಿದೀರ. ನಿಮ್ಮ ರೂಮ್‌ಮೇಟ್‌ಗೆ ಏಮ್ ಕಮ್ಮಿ ಇರೋದ್ರಿಂದ ಅವನು ಮೊದಲಿಂದಾನೂ ಎರಡನೇ ಆಟಾನೇ ಆಡ್ಕೊಂಡು ಬಂದಿರ್ತಾನೆ, ಅದನ್ನ ಮುಂದೆ ಹೇಳ್ತೀನಿ, ನಿಮ್ಮ ಲೆವೆಲ್‌ಗಳು ಎಲ್ಲಿ ಹೋಗ್ತಿವೆ ಅನ್ನೋದೂ ಅಲ್ಲೇ ಗೊತ್ತಾಗುತ್ತೆ. ಮೊದಲು ಈ ಮೋಡ್ ಹುಟ್ಟಿದ್ದು ಹೆಂಗೆ ಅಂತ ನೋಡೋಣ, ಯಾಕಂದ್ರೆ ಸ್ಟ್ರಾಟಜಿ ಪೂರ್ತಿ ಅದರೊಳಗೇ ಇದೆ.

1993ರ ಡಿಸೆಂಬರಲ್ಲಿ ಡೂಮ್ ಅನ್ನೋ ಶೂಟಿಂಗ್ ಗೇಮ್ ಬಂತಲ್ಲ, ಡೆತ್‌ಮ್ಯಾಚ್ ಅನ್ನೋ ಹೆಸರು ಅಲ್ಲಿಂದಾನೇ ಬಂದಿದ್ದು, ಆ ಹೆಸರು ಇಟ್ಟಿದ್ದು ಡೂಮ್ ಮಾಡಿದೋರಲ್ಲೊಬ್ಬನಾದ ಜಾನ್ ರೊಮೆರೊ. ಒಂದೇ ಮ್ಯಾಪಲ್ಲಿ ನಾಲ್ಕು ಜನ, ಯಾರು ಹೆಚ್ಚು ಕೊಲ್ತಾರೋ ಅವರು ಗೆದ್ರು, ಅಷ್ಟೇ ರೂಲ್. ಆದ್ರೆ ಗನ್ನುಗಳು ನೆಲದ ಮೇಲೆ ಬಿದ್ದಿರ್ತಿದ್ವು, ಒಳ್ಳೇ ಗನ್ ಇರೋ ಜಾಗ ಯಾರ ಕೈಗೆ ಸಿಕ್ತೋ ಮ್ಯಾಚ್ ಅವರ ಕೈಗೆ. 1996ರ ಕ್ವೇಕಲ್ಲಿ, ಆಮೇಲೆ 1999ರ ಕ್ವೇಕ್ 3ರಲ್ಲಿ ಇದು ಇನ್ನೂ ಬಲವಾಯ್ತು, ಕ್ವೇಕ್ 3ರಲ್ಲಿ ರೆಡ್ ಆರ್ಮರ್ ಅನ್ನೋ ಕವಚ 25 ಸೆಕೆಂಡಿಗೊಂದು ಸಲ ಬರುತ್ತೆ, ಜೀವ ತುಂಬೋ ಮೆಗಾ ಹೆಲ್ತ್ 35 ಸೆಕೆಂಡಿಗೊಂದು ಸಲ, ಒಳ್ಳೇ ಆಟಗಾರರು ಹೊಡೆದಾಡ್ತಾನೇ ತಲೆಯಲ್ಲಿ ಈ ಎರಡು ಗಡಿಯಾರ ಓಡಿಸ್ತಿರ್ತಾರೆ, ಸರಿಯಾದ ಹೊತ್ತಿಗೆ ಅಲ್ಲಿ ಹೋಗಿ ನಿಂತಿರ್ತಾರೆ. ಹೊಸಬ ಬಂದ ಅಂದ್ರೆ ಅವನ ಕೈಯಲ್ಲಿ ಮಷಿನ್ ಗನ್, ಎದುರಿಗಿರೋನ ಕೈಯಲ್ಲಿ ರಾಕೆಟ್ ಲಾಂಚರ್ ಮೈತುಂಬಾ ಆರ್ಮರ್. ಉಳ್ಳೋನಿಗೇ ಇನ್ನಷ್ಟು ಅನ್ನೋ ಲೆಕ್ಕ.

ಕೌಂಟರ್ ಸ್ಟ್ರೈಕಲ್ಲೂ ಇದೇ ಕಥೆ, ಆದ್ರೆ ದುಡ್ಡಿನ ರೂಪದಲ್ಲಿ. ಮಿನ್ ಲೆ ಮತ್ತೆ ಜೆಸ್ ಕ್ಲಿಫ್ ಅಂತ ಇಬ್ಬರು ಹಾಫ್ ಲೈಫ್ ಅನ್ನೋ ಗೇಮನ್ನೇ ತಿದ್ದಿ ಅದಕ್ಕೆ ಮಾಡ್‌ ಆಗಿ 1999ರ ಜೂನಲ್ಲಿ ಇದರ ಮೊದಲನೇ ಬೀಟಾ ಬಿಟ್ರು, ಹಾಫ್ ಲೈಫ್ ಮಾಡಿದ ವಾಲ್ವ್ ಕಂಪನಿ ಅದನ್ನ ತಗೊಂಡು 2000ದ ನವೆಂಬರಲ್ಲಿ ಡಬ್ಬಕ್ಕೆ ಹಾಕಿ ಮಾರಿದ್ರು, ನೀವು ಆಡೋ 1.6 ಬಂದಿದ್ದು 2003ರಲ್ಲಿ. ಮೊದಲನೇ ರೌಂಡಿಗೆ ಕೈಯಲ್ಲಿ 800 ಡಾಲರ್, ಗೆದ್ದ ಹಾಗೆ ದುಡ್ಡು ಜಾಸ್ತಿ, 16000 ತನಕ ಕೂಡಿಡಬಹುದು. ಗೆದ್ದೋನು ಮುಂದಿನ ರೌಂಡಲ್ಲಿ ಎಕೆ ರೈಫಲ್, ಎಡಬ್ಲ್ಯೂಪಿ ಸ್ನೈಪರ್ ತಗೋತಾನೆ, ಸೋತೋನು ಪಿಸ್ತೂಲಲ್ಲಿ ಒದ್ದಾಡ್ತಾನೆ. ಟೀಮ್ ಮ್ಯಾಚಿಗೆ ಇದು ಅದ್ಭುತವಾದ ರೂಲು, ಅದರಲ್ಲಿ ಎರಡು ಮಾತಿಲ್ಲ. ಆದ್ರೆ ಸಂಜೆ ಒಂದು ಗಂಟೆ ಆಡೋಕೆ ಬಂದೋನು ಎರಡು ಸೆಕೆಂಡಲ್ಲಿ ಸತ್ತು ಎರಡು ನಿಮಿಷ ಬೇರೆಯವರ ಆಟ ನೋಡ್ಕೊಂಡು ಕೂರಬೇಕಿತ್ತು.

ಗನ್ ಗೇಮ್ ಇದನ್ನ ತಲೆಕೆಳಗೆ ಮಾಡ್ತು. ಇದನ್ನ ಯಾವ ಕಂಪನಿನೂ ಮಾಡಿದ್ದಲ್ಲ, ಅದನ್ನ ಎಷ್ಟು ಸಲ ಹೇಳಿದ್ರೂ ನನಗೆ ಖುಷಿ. 1.6 ಸರ್ವರ್‌ಗಳಿಗೆ ಎಎಮ್‌ಎಕ್ಸ್ ಮಾಡ್ ಎಕ್ಸ್ ಅಂತ ಹೊಸ ರೂಲು ಸೇರಿಸೋ ಒಂದು ಪ್ಲಗಿನ್ ವ್ಯವಸ್ಥೆ ಇತ್ತು, 2004ರಲ್ಲಿ ಬಂದ ಕೌಂಟರ್ ಸ್ಟ್ರೈಕ್ ಸೋರ್ಸ್‌ಗೆ ಈವೆಂಟ್ ಸ್ಕ್ರಿಪ್ಟ್ಸ್ ಅಂತ ಇನ್ನೊಂದು, ಅವುಗಳ ಮೇಲೆ ಆಡೋ ಹುಡುಗರೇ ಬಿಡುವಲ್ಲಿ ಕೂತು ಬರೆದಿದ್ದು ಇದು, ಫ್ರೀ ಆಗಿ ಕೊಟ್ರು, ಯಾರು ಬೇಕಾದ್ರೂ ತಮ್ಮ ಸರ್ವರ್‌ಗೆ ಹಾಕ್ಕೋಬಹುದಿತ್ತು. ರೂಲ್ ನಿಮಗೆ ಗೊತ್ತೇ ಇದೆ: ದುಡ್ಡಿಲ್ಲ, ಅಂಗಡಿ ಇಲ್ಲ, ಸತ್ರೆ ತಕ್ಷಣ ವಾಪಸ್ ಹುಟ್ಟೋದು, ಒಬ್ಬನ್ನ ಕೊಂದ್ರೆ ಕೈಯಲ್ಲಿರೋ ಗನ್ ಹೋಗಿ ಮುಂದಿನ ಗನ್ ಬರುತ್ತೆ. ಸಾಮಾನ್ಯವಾಗಿ ಸರ್ವರ್‌ಗಳಲ್ಲಿ ಕಾಣೋ ಪಟ್ಟಿ ಗ್ಲಾಕಿಂದ ಶುರು, ಆರು ಪಿಸ್ತೂಲು, ಎರಡು ಶಾಟ್‌ಗನ್, ಐದು ಸಣ್ಣ ಮಷಿನ್ ಗನ್ನು, ಏಳು ರೈಫಲ್ಲು, ಎಂ249, ಆಮೇಲೆ ಗ್ರೆನೇಡು, ಕೊನೇಗೆ ಬರೀ ಚಾಕು, ಒಟ್ಟು 23. ಗಮನಿಸಿ, ಗೆಲ್ತಾ ಗೆಲ್ತಾ ಗನ್ ಚೆನ್ನಾಗ್ತಾ ಹೋಗುತ್ತೆ ಅನ್ಸುತ್ತೆ, ಆದ್ರೆ ಕೊನೇ ಎರಡು ಮೆಟ್ಟಿಲಲ್ಲಿ ಗನ್ನನ್ನೇ ಕಿತ್ಕೋತಾರೆ. ಎಲ್ಲರಿಗಿಂತ ಮುಂದೆ ಇರೋನ ಕೈ ಎಲ್ಲರಿಗಿಂತ ಬರಿದು. ಇದರ ಮೇಲೆ ನೈಫ್ ಪ್ರೋ ಅನ್ನೋ ರೂಲು, ಚಾಕುವಲ್ಲಿ ಕೊಂದ್ರೆ ಅವನದೊಂದು ಲೆವೆಲ್ ಕಮ್ಮಿ, ನಿಮಗೊಂದು ಜಾಸ್ತಿ.

ಚೌಕಾಬಾರ ಆಡಿರ್ತೀರಲ್ಲ, ಅಜ್ಜಿ ಮನೇಲಿ ನೆಲದ ಮೇಲೆ ಸೀಮೆಸುಣ್ಣದಲ್ಲಿ ಮನೆ ಬರ್ಕೊಂಡು. ಎದುರಾಳಿದು ಒಂದು ಕಾಯಿನಾದ್ರೂ ಕಡೀದೆ ಒಳಗಿನ ಸುತ್ತಿಗೆ ಹೋಗೋ ಹಾಗಿಲ್ಲ, ಕಡಿಸ್ಕೊಂಡ ಕಾಯಿ ವಾಪಸ್ ಮನೆಗೆ. ಹಣ್ಣಾಗೋಕೆ ಎರಡು ಮನೆ ಇದೆ ಅನ್ನೋವಾಗ ಕಡಿಸ್ಕೊಂಡ್ರೆ ಹೊಟ್ಟೆ ಉರಿಯುತ್ತಲ್ಲ, ಗನ್ ಗೇಮಲ್ಲಿ ಚಾಕು ತಿನ್ನೋದು ಅದೇ ಉರಿ. ಚೌಕಾಬಾರದಲ್ಲಿ ಕವಡೆ ಬಿದ್ದ ಹಾಗೆ ಆಯ್ತು ಅಂತ ಯಾರೂ ಸುಮ್ಮನಿರಲ್ಲ, ಯಾವ ಕಾಯಿ ನಡೆಸಬೇಕು ಯಾವುದನ್ನ ಕಟ್ಟೆಯಲ್ಲಿ ಕೂರಿಸಬೇಕು ಅಂತ ಲೆಕ್ಕ ಹಾಕ್ತಾರೆ. ಇಲ್ಲೂ ಅಷ್ಟೇ.

ನಾನು ಇದನ್ನ ಕಲಿತಿದ್ದು ಮೈಸೂರಲ್ಲಿ ಒಂದು ಸೈಬರ್ ಕೆಫೆಯಲ್ಲಿ, ಆಗ ಸರ್ವರ್ ನೋಡ್ಕೊಳ್ಳೋ ಕೆಲಸ ನನ್ನದು, ಕೌಂಟರ್ ಮಷಿನ್ನಲ್ಲೇ ಸರ್ವರ್ ಓಡ್ತಿತ್ತು, ಒಳಗೆ ಎಂಟು ಸಿಸ್ಟಮ್, ಅರ್ಧಕ್ಕೆ ಕೆಳಗೆ ಉಂಡೆ ಇರೋ ಮೌಸು. ಒಂದು ಸಂಜೆ ಐಸ್‌ವರ್ಲ್ಡ್ ಮ್ಯಾಪ್ ಹಾಕಿದ್ದೆ. ಒಬ್ಬ ಪಿಯುಸಿ ಹುಡುಗ ಮೂಲೆ ಸಿಸ್ಟಮಲ್ಲಿ ಚಾಕು ಲೆವೆಲ್ ಮುಟ್ಟಿದ, ಅಷ್ಟರಲ್ಲಿ ಕರೆಂಟ್ ಹೋಯ್ತು, ಯುಪಿಎಸ್ ಬೀಪ್ ಬೀಪ್ ಅಂತ ಶುರು ಮಾಡ್ತು, ಇನ್ನು ಹತ್ತು ನಿಮಿಷ ಇದೆ ಅಂತ ಎಲ್ಲರಿಗೂ ಗೊತ್ತು. ಎದುರು ಟೀಮಿನ ನಾಲ್ಕು ಜನ ಹಿಂದಕ್ಕೆ ಸರಿದು ಗೋಡೆಗೆ ಬೆನ್ನು ಕೊಟ್ಟು ನಿಂತ್ರು. ಹುಡುಗ ಓಡಿ ಹೋದ, ಸತ್ತ. ಮತ್ತೆ ಓಡಿದ, ಸತ್ತ. ಐದಾರು ಸಲ ಹೀಗೇ. ಆಮೇಲೆ ಏನನ್ಸ್ತೋ ಏನೋ, ಕೀಬೋರ್ಡಿಂದ ಕೈ ತೆಗೆದ, ಹೆಡ್‌ಫೋನ್ ಸರಿ ಮಾಡ್ಕೊಂಡ, ಹುಟ್ಟಿದ ಜಾಗದಲ್ಲೇ ಐಸ್ ಬ್ಲಾಕಿನ ಹಿಂದೆ ಕೂತುಬಿಟ್ಟ. ಅಲ್ಲಾಡಲಿಲ್ಲ. ಸುಮಾರು ಅರ್ಧ ನಿಮಿಷ. ಆ ಕಡೆಯವರಿಗೆ ತಡೀಲಿಲ್ಲ, ಅವರಿಗೂ ಲೆವೆಲ್ ಬೇಕಲ್ಲ, ಒಬ್ಬ ಸ್ಕೌಟ್ ಅನ್ನೋ ಸ್ನೈಪರ್ ರೈಫಲ್ ಹಿಡ್ಕೊಂಡು ಮುಂದೆ ಬಂದ, ಬ್ಲಾಕಿನ ಮೂಲೆಯಲ್ಲಿ ಸ್ಕೋಪ್ ಹಾಕಿ ಆ ತುದಿ ನೋಡ್ತಿದಾನೆ, ಅವನ ಹೆಜ್ಜೆ ಸದ್ದು ನಿಂತಿದ್ದೇ ಇವನು ಸದ್ದಾಗದ ಹಾಗೆ ಶಿಫ್ಟ್ ಒತ್ಕೊಂಡು ನಾಲ್ಕು ಹೆಜ್ಜೆ ನಡೆದು ಹಿಂದಿಂದ ಬಲ ಕ್ಲಿಕ್. ಮುಗೀತು. ಇಡೀ ಕೆಫೆ ಎದ್ದು ಕೂಗ್ತು. ನಾನು ಕೌಂಟರಲ್ಲಿ ನಿಂತು ನೋಡ್ತಿದ್ದೋನು ಅವತ್ತು ಅರ್ಥ ಮಾಡ್ಕೊಂಡಿದ್ದು ಏನಂದ್ರೆ, ಈ ಗದ್ದಲದ ಆಟದಲ್ಲಿ ಕಾಯೋಕೆ ಬರೋನು ಅಪರೂಪ, ಬೇಕಾಗಿರೋನೂ ಅವನೇ.

ಆಮೇಲೆ ಕಂಪನಿಗಳು ಬಂದ್ವು. 2010ರ ನವೆಂಬರಲ್ಲಿ ಕಾಲ್ ಆಫ್ ಡ್ಯೂಟಿ ಬ್ಲ್ಯಾಕ್ ಆಪ್ಸ್ ಗನ್ ಗೇಮ್ ಅನ್ನೋ ಹೆಸರಲ್ಲೇ ಇದನ್ನ ತಂತು, 20 ಗನ್ನು, ಟೀಮ್ ಇಲ್ಲ, ಆಟದೊಳಗಿನ ದುಡ್ಡನ್ನ ಪಂತ ಕಟ್ಟಿ ಆಡೋದು, ಮೊದಲ ಮೂರು ಜನಕ್ಕೆ ಮಾತ್ರ ದುಡ್ಡು. 2012ರ ಆಗಸ್ಟಲ್ಲಿ ಬಂದ ಸಿಎಸ್ ಗೋ ಅನ್ನೋ ಹೊಸ ಕೌಂಟರ್ ಸ್ಟ್ರೈಕಲ್ಲಿ ವಾಲ್ವ್ ಇದನ್ನ ಆರ್ಮ್ಸ್ ರೇಸ್ ಅಂತ ಒಳಗೇ ಸೇರಿಸ್ತು, ಏರ್‌ಪೋರ್ಟಿನ ಲಗೇಜ್ ಬೆಲ್ಟುಗಳ ಮಧ್ಯೆ ಹೊಡೆದಾಡೋ ಬ್ಯಾಗೇಜ್ ಮ್ಯಾಪ್ ನೆನಪಿರ್ಬೇಕು ನಿಮಗೆ, ಕೊನೇ ಲೆವೆಲ್ ಚಿನ್ನದ ಚಾಕು. ಅಲ್ಲಿ ಎರಡು ಬದಲಾವಣೆ ಮಾಡಿದ್ರು, ಎರಡೂ ಬುದ್ಧಿವಂತಿಕೆಯವು ಅಂತ ನನ್ನ ಅಭಿಪ್ರಾಯ. ಒಂದು, ಎದುರು ಟೀಮಿನ ಲೀಡರನ್ನ ಕೊಂದ್ರೆ ನೇರ ಒಂದು ಲೆವೆಲ್ ಸಿಗುತ್ತೆ, ಅಂದ್ರೆ ಮುಂದೆ ಇರೋನ ತಲೆಗೆ ಬಹುಮಾನ ಇಟ್ಟ ಹಾಗೆ. ಇನ್ನೊಂದು, ಪಿಸ್ತೂಲುಗಳನ್ನ ಶುರುವಿಂದ ತೆಗೆದು ಚಾಕುಗೆ ಸ್ವಲ್ಪ ಮುಂಚೆ ಇಟ್ರು, ಹೊಸಬರ ಕೈಗೆ ಮೊದಲೇ ಸುಲಭದ ಗನ್ ಕೊಟ್ಟು ಮುಂದೆ ಹೋದೋರಿಗೆ ಕಷ್ಟದ್ದು ಕೊಡೋದು. ಸಿಎಸ್ 2 ಬಿಡುಗಡೆ ಆದಾಗ 2023ರ ಸೆಪ್ಟೆಂಬರಲ್ಲಿ ಈ ಮೋಡ್ ಇರ್ಲಿಲ್ಲ, ಜನ ಬಿಡ್ಲಿಲ್ಲ, 2024ರ ಫೆಬ್ರವರಿಯಲ್ಲಿ ವಾಪಸ್ ತಂದ್ರು. ವ್ಯಾಲೊರೆಂಟ್ ಗೇಮ್‌ನೋರು 2021ರ ಫೆಬ್ರವರಿಯಲ್ಲಿ ಎಸ್ಕಲೇಶನ್ ಅಂತ ಮಾಡಿದ್ರು, 12 ಲೆವೆಲ್ಲು, ಐದೈದು ಜನ, ಇಡೀ ಟೀಮ್ ಒಟ್ಟಿಗೆ ಮೇಲೆ ಹೋಗೋದು. ಚೆನ್ನಾಗಿದೆ, ಆದ್ರೆ ಗನ್ ಗೇಮಿನ ಜೀವ ಇರೋದು ಒಬ್ಬನೇ ಹತ್ತೋದ್ರಲ್ಲಿ, ಟೀಮ್ ಇದ್ರೂ ಗೆಲ್ಲೋದು ಒಬ್ಬನೇ ಅನ್ನೋ ಆ ಒಳಜಗಳದಲ್ಲಿ, ಅದು ಅಲ್ಲಿಲ್ಲ. ಮೊಬೈಲಿನ ಕಾಲ್ ಆಫ್ ಡ್ಯೂಟಿಯಲ್ಲೂ ಇದೆ, ಈಗಿನ ಎಷ್ಟೋ ಹುಡುಗರಿಗೆ ಗನ್ ಗೇಮ್ ಅಂದ್ರೆ ಅದೇ.

ಸರಿ, ಈಗ ನಿಮ್ಮ ಆಟಕ್ಕೆ ಬರೋಣ.

ಮೊದಲ 21 ಲೆವೆಲ್ ಬಗ್ಗೆ ಜಾಸ್ತಿ ಹೇಳಲ್ಲ, ನೀವು ಅಲ್ಲಿ ಚೆನ್ನಾಗೇ ಆಡ್ತಿದೀರ. ಎರಡು ಮೂರು ಮಾತು ಮಾತ್ರ. ಒಂದು, ಕೊಂದ ಮೇಲೆ ಗುಂಡು ತುಂಬೋಕೆ ಆರ್ ಕೀ ಒತ್ತೋ ಅಭ್ಯಾಸ ಬಿಡಿ. ಸರ್ವರಲ್ಲಿ ಟರ್ಬೊ ಅನ್ನೋ ಸೆಟ್ಟಿಂಗ್ ಆನ್ ಇದ್ರೆ ಕೊಂದ ಕೂಡ್ಲೆ ಹೊಸ ಗನ್ ಪೂರ್ತಿ ತುಂಬ್ಕೊಂಡೇ ಬರುತ್ತೆ, ಮಾಮೂಲಿ ಮ್ಯಾಚಿನ ಅಭ್ಯಾಸದಲ್ಲಿ ಬೆರಳು ಆರ್ ಮೇಲೆ ಹೋದ್ರೆ ಆ ಒಂದು ಕ್ಷಣದ ಗಮನ ಹೋಯ್ತು. ಎರಡು, ಕೊಂದ ಜಾಗದಲ್ಲಿ ನಿಲ್ಬೇಡಿ, ಇಲ್ಲಿ ಸತ್ತೋನು ರೌಂಡ್ ಮುಗಿಯೋ ತನಕ ಕಾಯಲ್ಲ, ಅವನು ಆಗಲೇ ಹುಟ್ಟಿದಾನೆ, ನೀವೆಲ್ಲಿದೀರ ಅಂತ ಅವನಿಗೆ ಗೊತ್ತು, ಸಿಟ್ಟೂ ಇದೆ. ಮೂರು, ಗನ್ನಿಗೆ ತಕ್ಕ ಜಾಗ. ಎಂ3 ಶಾಟ್‌ಗನ್ ಸಿಕ್ರೆ ಮೂಲೆ ಬಿಟ್ಟು ಹೊರಗೆ ಬರ್ಬೇಡಿ, ಎಂಟೇ ಗುಂಡು, ಒಂದೊಂದಾಗಿ ತುಂಬ್ಬೇಕು. ಪಿ90 ಮಷಿನ್ ಗನ್ ಬಂದ್ರೆ 50 ಗುಂಡು, ಅಲ್ಲಿ ಓಡಿ, ಗದ್ದಲಕ್ಕೆ ನುಗ್ಗಿ. ಡೆಸರ್ಟ್ ಈಗಲ್ ಪಿಸ್ತೂಲಲ್ಲಿ ಏಳೇ ಗುಂಡು, ನಿಂತು ಹೊಡೀರಿ. ಎಂ249 ಹಿಡ್ಕೊಂಡು ಓಡೋದು ಅಂದ್ರೆ ಮೂಟೆ ಹೊತ್ಕೊಂಡು ಓಡಿದ ಹಾಗೆ, 100 ಗುಂಡಿದೆ, ಒಂದು ಬಾಗಿಲು ನೋಡ್ಕೊಂಡು ಕೂತ್ಕೊಳಿ, ಅವರೇ ಬರ್ತಾರೆ. ಇನ್ನೊಂದು ಸಣ್ಣ ವಿಷಯ ಬಹಳ ಜನಕ್ಕೆ ಗೊತ್ತಿಲ್ಲ: ಗೇಮಿನ ಲೆಕ್ಕದಲ್ಲಿ ಚಾಕು ಹಿಡಿದಾಗ ಓಡೋ ವೇಗ 250, ಎಕೆ ಹಿಡಿದ್ರೆ 221, ಆದ್ರೆ 1.6ರಲ್ಲಿ ಸ್ಕೌಟ್ ಹಿಡಿದಾಗ 260, ಚಾಕುಗಿಂತಾನೂ ಜಾಸ್ತಿ. ಸ್ಕೌಟ್ ಲೆವೆಲಲ್ಲಿ ಚಾಕು ತೆಗೆದು ಓಡೋದು ಸುಮ್ಮನೆ ನಷ್ಟ.

ಈಗ ಗ್ರೆನೇಡ್ ಲೆವೆಲ್. ನಿಮ್ಮ ತೊಂದರೆ ಪೂರ್ತಿ ಇಲ್ಲಿದೆ ಅಂತ ನನಗೆ ಗ್ಯಾರಂಟಿ.

ಲೆಕ್ಕ ಹಾಕಿ ನೋಡಿ. ಒಂದು ಲೆವೆಲ್‌ಗೆ ಸರಾಸರಿ ಅರ್ಧ ನಿಮಿಷ ಅಂತ ಇಟ್ಕೊಳ್ಳಿ, ನೀವು ರೂಮ್‌ಮೇಟ್‌ಗಿಂತ ಐದು ಲೆವೆಲ್ ಮುಂದೆ ಅಂದ್ರೆ ಎರಡೂವರೆ ನಿಮಿಷ ಮುಂದೆ ಇದೀರ ಅಷ್ಟೇ. ಗ್ರೆನೇಡ್ ಲೆವೆಲಲ್ಲಿ ಮೂರು ನಿಮಿಷ ಸಿಕ್ಕಾಕೊಂಡ್ರೆ ಆ ಗಂಟು ಪೂರ್ತಿ ಕರಗ್ತು. ಅದು ಅರ್ಧ ಕಥೆ. ಉಳಿದರ್ಧ ಏನಂದ್ರೆ, ಗ್ರೆನೇಡ್ ಲೆವೆಲಲ್ಲಿ ನಿಮ್ಮ ಹತ್ರ ಒಂದು ಗ್ರೆನೇಡು, ಒಂದು ಚಾಕು, ಬೇರೇನೂ ಇಲ್ಲ. ಎಸೆದಾದ ಮೇಲೆ ಇನ್ನೊಂದು ಬರೋ ತನಕ ಬರಿಗೈ. ಇಡೀ ಮ್ಯಾಪಲ್ಲಿ ನಿಮ್ಮಷ್ಟು ಸುಲಭವಾಗಿ ಚಾಕು ಹಾಕಿಸ್ಕೊಳ್ಳೋನು ಇನ್ನೊಬ್ಬ ಇಲ್ಲ. ನಿಮ್ಮ ರೂಮ್‌ಮೇಟ್ ಏನು ಮಾಡ್ತಿದಾನೆ ಅಂತ ಒಂದ್ಸಲ ನೋಡಿ, ಅವನು ಎಕೆ ಲೆವೆಲಲ್ಲಿ ಎಕೆ ಹಿಡಿದು ನಿಮ್ಮ ಟೀಮಿನ ಹೊಸ ಹುಡುಗರನ್ನ ಹುಡುಕ್ತಿಲ್ಲ, ಚಾಕು ಹಿಡ್ಕೊಂಡು ನಿಮ್ಮನ್ನ ಹುಡುಕ್ತಿದಾನೆ. ಒಂದು ಸಲ ಹಾಕ್ದ ಅಂದ್ರೆ ಅವನು ಒಂದು ಮೇಲೆ, ನೀವು ಒಂದು ಕೆಳಗೆ, ಅಂತರ ಎರಡು ಕಮ್ಮಿ ಆಯ್ತು. ನೀವು ಮತ್ತೆ ಎಂ249 ಹೊತ್ಕೊಂಡು ಒಬ್ಬನ್ನ ಕೊಂದು ವಾಪಸ್ ಗ್ರೆನೇಡಿಗೆ ಬರೋ ಹೊತ್ತಿಗೆ ಅವನು ಮತ್ತೆ ಕಾಯ್ತಿರ್ತಾನೆ. ಮೂರು ಸಲ ಹೀಗಾದ್ರೆ ಐದು ಲೆವೆಲ್ ಅಂತರ ಎಲ್ಲಿ ಉಳೀತು. ಅವನು ನಿಮ್ಮ ಲೆವೆಲ್‌ಗಳ ಮೇಲೇ ಹತ್ಕೊಂಡು ಬರ್ತಿದಾನೆ, ಅದಕ್ಕೆ ಏಮ್ ಬೇಕಾಗಿಲ್ಲ, ಕಿವಿ ಬೇಕು.

ಹಂಗಾದ್ರೆ ಏನು ಮಾಡ್ಬೇಕು. ಗ್ರೆನೇಡ್ ಲೆವೆಲಿಗೆ ಬಂದ ಕೂಡ್ಲೆ ಕೈಯಲ್ಲಿ ಚಾಕು ಹಿಡೀರಿ, ಗ್ರೆನೇಡ್ ಅಲ್ಲ. ಗ್ರೆನೇಡ್ ತೆಗೆಯೋದು ಎಸೆಯೋವಾಗ ಮಾತ್ರ. ಒಂಟಿಯಾಗಿ ಮೂಲೆಯಲ್ಲಿ ಕೂರ್ಬೇಡಿ, ನಿಮ್ಮ ಟೀಮಿನವರ ಹಿಂದೆ ಹತ್ತು ಹೆಜ್ಜೆ ಅಂತರದಲ್ಲಿರಿ, ಅವರು ನಿಮಗೆ ಗೋಡೆ ಇದ್ದ ಹಾಗೆ. ಎರಡನೇದು, ಪೂರ್ತಿ ಹೆಲ್ತ್ ಆರ್ಮರ್ ಇರೋನು ಒಂದು ಗ್ರೆನೇಡಿಗೆ ಸಾಯೋದು ಬಹಳ ಅಪರೂಪ, ಈ ಒಂದು ವಿಷಯ ತಲೇಲಿ ಇಟ್ಕೊಂಡ್ರೆ ಸಾಕು, ಎಸೆಯೋ ಜಾಗ ತಾನಾಗೇ ಬದಲಾಗುತ್ತೆ. ನೀವು ಈಗ ಹುಟ್ಟೋ ಜಾಗಕ್ಕೆ ಎಸೀತಿರ್ತೀರ ಅಲ್ವಾ? ಅಲ್ಲಿ ಎಲ್ಲರೂ ಈಗಷ್ಟೇ ಹುಟ್ಟಿದೋರು, ಎಲ್ಲರದೂ ಪೂರ್ತಿ ಹೆಲ್ತ್, ಕೆಲವು ಸರ್ವರಲ್ಲಿ ಒಂದೆರಡು ಸೆಕೆಂಡ್ ರಕ್ಷಣೆ ಬೇರೆ. ಎಸೀಬೇಕಾಗಿದ್ದು ಗುಂಡಿನ ಸದ್ದು ಬರ್ತಿರೋ ಕಡೆಗೆ. ನಿಮ್ಮವನೊಬ್ಬ ಅವರಲ್ಲೊಬ್ಬನ ಜೊತೆ ಹೊಡೆದಾಡ್ತಿದಾನೆ, ಅವನು ನಾಲ್ಕು ಗುಂಡು ತಿಂದಿದಾನೆ, ಅಂಥವನ ಕಾಲ್ಬುಡಕ್ಕೆ. ಕೌಂಟರ್ ಸ್ಟ್ರೈಕಲ್ಲಿ ಪಿನ್ ಎಳೆದು ಎಡ ಬಟನ್ ಒತ್ತಿ ಹಿಡ್ಕೊಂಡ್ರೆ ಗ್ರೆನೇಡ್ ಕೈಯಲ್ಲಿ ಸಿಡಿಯಲ್ಲ, ಬಟನ್ ಬಿಟ್ಟಾಗಲೇ ಹೋಗೋದು, ಹಾಗಾಗಿ ಒತ್ತಿ ಹಿಡ್ಕೊಂಡೇ ಮೂಲೆ ತನಕ ಹೋಗಿ ಸದ್ದು ಕೇಳಿ ಬಿಡಿ.

ನಿಮ್ಮ ಸರ್ವರ್ ನಡೆಸೋ ಹುಡುಗನಿಗೆ ನೇಡ್ ಗ್ಲಾಕ್ ಅನ್ನೋ ಸೆಟ್ಟಿಂಗ್ ಆನ್ ಮಾಡೋಕೆ ಹೇಳಿ, ಆಗ ಗ್ರೆನೇಡ್ ಜೊತೆ ಒಂದು ಗ್ಲಾಕೂ ಸಿಗುತ್ತೆ. ಆ ಗ್ಲಾಕಲ್ಲಿ ಕೊಂದ್ರೆ ಲೆವೆಲ್ ಸಿಗಲ್ಲ, ಅದು ಇರೋದು ಗಾಯ ಮಾಡೋಕೆ. ಮೈಗೆ ಎರಡು ಮೂರು ಗುಂಡು ತಾಗಿಸಿ ಅವನು ಮರೆಗೆ ಓಡಿದ ಅಂದ್ರೆ ಆ ಮರೆಗೆ ಗ್ರೆನೇಡ್ ಬಿಡಿ. ಸಿಟ್ಟಲ್ಲಿ ಗ್ಲಾಕಲ್ಲೇ ಮುಗಿಸಿಬಿಟ್ರೆ ಅವನು ಪೂರ್ತಿ ಹೆಲ್ತಲ್ಲಿ ವಾಪಸ್ ಹುಟ್ತಾನೆ, ನೀವು ಮಾಡಿದ ಕೆಲಸ ನೀವೇ ಅಳಿಸಿದ ಹಾಗೆ. ಇದು ಕೈಗೆ ಬರೋಕೆ ಒಂದು ವಾರ ಬೇಕು, ಎದುರಿಗೆ ತಲೆ ಕಂಡಾಗ ಹೊಡೀದೆ ಬಿಡೋದು ಏಮ್ ಚೆನ್ನಾಗಿರೋರಿಗೆ ನಿಜವಾಗ್ಲೂ ಕಷ್ಟ.

ಇನ್ನು, ಗ್ರೆನೇಡ್ ಲೆವೆಲಲ್ಲೇ ಚಾಕುವಲ್ಲಿ ಕೊಂದು ಮುಂದಿನ ಲೆವೆಲಿಗೆ ಹೋಗ್ಬಹುದಾ ಅನ್ನೋದು ಸೆಟ್ಟಿಂಗ್ ಮೇಲಿದೆ, ಕೆಲವರು ಅದನ್ನ ಬಿಟ್ಟಿರ್ತಾರೆ, ಕೆಲವರು ಗ್ರೆನೇಡಲ್ಲೇ ಕೊಲ್ಬೇಕು ಅಂತ ಕಟ್ಟಿರ್ತಾರೆ. ನಿಮ್ಮಲ್ಲಿ ಹೆಂಗಿದೆ ಅಂತ ಇವತ್ತೇ ಕೇಳ್ಕೊಳ್ಳಿ. ಬಿಟ್ಟಿದ್ರೆ ನಿಮ್ಮನ್ನ ಹುಡುಕ್ಕೊಂಡು ಚಾಕು ಹಿಡಿದು ಬರೋನೇ ನಿಮ್ಮ ಮುಂದಿನ ಮೆಟ್ಟಿಲು.

ಚಾಕು ಲೆವೆಲ್ ಬಗ್ಗೆ. ನೀವು ಅಲ್ಲಿಗೆ ಬಂದ ಕೂಡ್ಲೆ ಎಲ್ಲರಿಗೂ ಗೊತ್ತಾಗುತ್ತೆ, ಹೆಸರು ಸ್ಕ್ರೀನ್ ಮೇಲೆ ಬರುತ್ತೆ, ಎಲ್ಲರೂ ಹಿಂದೆ ಹಿಂದೆ ನಡೀತಾ ಹೊಡೆಯೋಕೆ ಶುರು ಮಾಡ್ತಾರೆ. ಕಬಡ್ಡಿಯಲ್ಲಿ ರೇಡರ್ ಬಂದಾಗ ಕೈ ಕೈ ಹಿಡ್ಕೊಂಡು ಹಿಂದಿನ ಗೆರೆಗೆ ಸರಿತಾರಲ್ಲ, ಹಂಗೆ. ಒಳ್ಳೇ ರೇಡರ್ ಮಧ್ಯಕ್ಕೆ ನುಗ್ಗಲ್ಲ, ತುದಿಯಲ್ಲಿರೋನ ಗಮನ ಎಲ್ಲಿದೆ ಅಂತ ನೋಡ್ತಾನೆ. ನೀವೂ ಯಾರ ಕೈಯಲ್ಲಿ ಏನಿದೆ ಅಂತ ಮೊದಲು ನೋಡಿ, ಟ್ಯಾಬ್ ಒತ್ತಿದ್ರೆ ಸ್ಕೋರ್ ಕಾಣುತ್ತೆ, ಲೆವೆಲ್ ಪಟ್ಟಿನೂ ತೆಗೆದು ನೋಡ್ಬಹುದು. ಶಾಟ್‌ಗನ್ ಅಥವಾ ಪಿ90 ಲೆವೆಲಲ್ಲಿರೋನ ಹತ್ರ ಹೋಗೋದು ಬೇಡ. ಸ್ಕೌಟ್ ಲೆವೆಲಲ್ಲಿರೋನು, ಡೆಸರ್ಟ್ ಈಗಲ್ ಇರೋನು, ಎಲ್ಲಕ್ಕಿಂತ ಮೇಲಾಗಿ ಗ್ರೆನೇಡ್ ಲೆವೆಲಲ್ಲಿರೋನು, ಇವರೇ ನಿಮ್ಮ ಗುರಿ. ಓಡಿದ್ರೆ ಸದ್ದು, ಶಿಫ್ಟ್ ಒತ್ತಿ ನಡೆದ್ರೆ ಸದ್ದಿಲ್ಲ, ಹತ್ತು ಹೆಜ್ಜೆ ತನಕ ಓಡಿ ಕೊನೇ ಹತ್ತು ಹೆಜ್ಜೆ ನಡೀರಿ. ಹಿಂದಿಂದ ಬಲ ಕ್ಲಿಕ್ ಒಂದಕ್ಕೇ ಸಾಯ್ತಾನೆ. ಮುಂದಿಂದ ಆದ್ರೆ ಬಲ ಕ್ಲಿಕ್ ಎರಡು ಬೇಕು, ಮಧ್ಯದಲ್ಲಿ ಸುಮಾರು ಒಂದು ಸೆಕೆಂಡ್ ಕೈ ಖಾಲಿ ಇರುತ್ತೆ, ಅಷ್ಟರಲ್ಲಿ ಅವನು ನಿಮ್ಮನ್ನ ಮುಗಿಸ್ತಾನೆ. ಎಡ ಕ್ಲಿಕ್ ಸ್ವಲ್ಪ ದೂರಕ್ಕೂ ತಾಗುತ್ತೆ, ಬಲ ಕ್ಲಿಕ್ ಮೈಗೆ ಮೈ ತಾಗೋಷ್ಟು ಹತ್ರ ಇದ್ರೆ ಮಾತ್ರ, ಬಹಳ ಜನ ದೂರದಿಂದ ಬಲ ಕ್ಲಿಕ್ ಮಾಡಿ ಗಾಳೀಲಿ ಚುಚ್ಚಿ ಸಾಯೋದು ಇದಕ್ಕೇ. ಆಮೇಲೆ ಒಂದು ಅಭ್ಯಾಸ ಮಾಡ್ಕೊಳ್ಳಿ, ಮಧ್ಯದ ಲೆವೆಲ್‌ಗಳಲ್ಲೇ, ಎಕೆ ಕೈಯಲ್ಲಿದ್ರೂ ಸ್ಕೋಪ್ ಹಾಕ್ಕೊಂಡು ನಿಂತಿರೋನು ಬೆನ್ನು ತೋರಿಸಿದ್ರೆ ಚಾಕು ತೆಗೀರಿ. ಒಂದು ಲೆವೆಲ್ ಸಿಗೋದ್ರ ಜೊತೆ ಕೊನೇ ಲೆವೆಲಿಗೆ ಪ್ರಾಕ್ಟೀಸೂ ಆಯ್ತು. ಕೊನೇ ಲೆವೆಲಲ್ಲಿ ಮೊದಲನೇ ಸಲ ಚಾಕು ಹಿಡಿಯೋನು ಗೆಲ್ಲೋದು ಕಷ್ಟ.

ಐದೈದು ಜನಕ್ಕೆ ಐಸ್‌ವರ್ಲ್ಡ್ ಅಥವಾ ಪೂಲ್ ಡೇ ಸರಿಯಾದ ಮ್ಯಾಪು. ಡಸ್ಟ್ 2 ಹಾಕ್ಬೇಡಿ, ದೊಡ್ಡದಾಯ್ತು, ಓಡಾಡೋದ್ರಲ್ಲೇ ಟೈಮ್ ಹೋಗುತ್ತೆ, ಚಾಕು ಲೆವೆಲಲ್ಲಿರೋನಿಗೆ ಯಾರೂ ಸಿಗೋದೇ ಇಲ್ಲ. ಮಧ್ಯದಲ್ಲಿ ಬಂದು ಸೇರೋರಿಗೆ ಹ್ಯಾಂಡಿಕ್ಯಾಪ್ ಆನ್ ಮಾಡಿ, ಎಲ್ಲರಿಗಿಂತ ಹಿಂದೆ ಇರೋನ ಲೆವೆಲಿಂದ ಶುರು ಆಗೋ ಹಾಗೆ, ಮೆಸ್ಸಲ್ಲಿ ಊಟ ಮುಗಿಸಿ ತಡವಾಗಿ ಬಂದೋನು ಒಂದನೇ ಲೆವೆಲಿಂದ ಆಡ್ಬೇಕು ಅಂದ್ರೆ ಅರ್ಧಕ್ಕೇ ಎದ್ದು ಹೋಗ್ತಾನೆ.

ನೈಫ್ ಪ್ರೋ ತೆಗೀಬೇಡಿ. ದಯವಿಟ್ಟು ತೆಗೀಬೇಡಿ. ತೆಗೆದ್ರೆ ಮೊದಲ ಐದು ನಿಮಿಷದಲ್ಲಿ ಯಾರು ಮುಂದೆ ಹೋದ್ರೋ ಅವರೇ ಗೆಲ್ಲೋದು, ಆಮೇಲೆ ಮತ್ತೆ ಅದೇ ಉಳ್ಳೋನಿಗೇ ಇನ್ನಷ್ಟು. ಏಮ್ ಚೆನ್ನಾಗಿರೋ ಮೂರು ಜನ ಆಡ್ತಾರೆ, ಉಳಿದ ಏಳು ಜನ ಅವರಿಗೆ ಮೆಟ್ಟಿಲಾಗಿ ಸಾಯ್ತಾ ಇರ್ತಾರೆ, ಎರಡು ವಾರದಲ್ಲಿ ಲ್ಯಾನಿಗೆ ಬರೋರು ಹತ್ತರಿಂದ ಐದಕ್ಕೆ ಇಳೀತಾರೆ, ಇದನ್ನ ನಾನು ಕೆಫೆಯಲ್ಲಿ ಒಂದು ಸಲ ಮಾಡಿ ನೋಡಿದೀನಿ, ಹುಡುಗರೇ ಬಂದು ವಾಪಸ್ ಹಾಕಿ ಅಂದ್ರು. ಗಲಾಟೆ ಮಾಡ್ತಿರೋ ಅರ್ಧ ಜನ ಯಾರು ಅಂತ ನೋಡಿ, ಬಹುಶಃ ಮುಂದೆ ಇರೋರೇ ಇರ್ತಾರೆ. ಅವರ ಸಿಟ್ಟು ಸುಳ್ಳಲ್ಲ, ಗ್ರೆನೇಡ್ ಲೆವೆಲಲ್ಲಿ ಬರಿಗೈಯಲ್ಲಿ ನಿಲ್ಲಿಸಿ ಮೇಲೆ ಚಾಕುನೂ ಹಾಕ್ತಾರೆ ಅಂದ್ರೆ ಅನ್ಯಾಯ ಅನ್ಸೇ ಅನ್ಸುತ್ತೆ. ಅದಕ್ಕೆ ಉತ್ತರ ನೇಡ್ ಗ್ಲಾಕು, ಮತ್ತೆ ಎಸೆದ ಗ್ರೆನೇಡ್ ನಾಲ್ಕೈದು ಸೆಕೆಂಡಲ್ಲಿ ವಾಪಸ್ ಬರೋ ಹಾಗೆ ಸೆಟ್ಟಿಂಗ್. ಇಷ್ಟು ಮಾಡಿದ್ರೆ ಮುಂದೆ ಇರೋನಿಗೂ ಒಂದು ದಾರಿ ಇರುತ್ತೆ, ಹಿಂದೆ ಇರೋನಿಗೂ ಆಸೆ ಇರುತ್ತೆ.

ಇವತ್ತು ರಾತ್ರಿ ಆಡೋವಾಗ ಹೀಗೆ ಮಾಡಿ. ಗ್ರೆನೇಡ್ ಲೆವೆಲ್ ಮುಟ್ಟಿದ ಕೂಡ್ಲೆ ಏನೂ ಎಸೀಬೇಡಿ. ನಿಮ್ಮ ಟೀಮಿನವರ ಹಿಂದೇನೇ ಗೋಡೆಗೆ ಬೆನ್ನು ಕೊಡಿ, ಚಾಕು ತೆಗೀರಿ, ಇಪ್ಪತ್ತು ಸೆಕೆಂಡ್ ಹೆಡ್‌ಫೋನಿಗೆ ಕಿವಿ ಕೊಟ್ಟು ಸುಮ್ಮನೆ ನಿಂತ್ಕೊಳಿ. ನಿಮ್ಮ ರೂಮ್‌ಮೇಟ್ ಬಂದೇ ಬರ್ತಾನೆ.